ಗುಡ್ಡದಾಚೆ ಗಾಥೆ

ಥಾಣೆ ಸ್ಟೇಷನ್ನಿನಲ್ಲಿ ಬೋರಿವಲಿ ಬಸ್ಸು ಹತ್ತಿದರೆ ಎಡಗಡೆಯ ಕಿಟಕಿ ಹಿಡಿಯಿರಿ. ಮಾಜಿವಾಡಾ ದಾಟಿ ಕಾಪೂರ್‌ಬಾವಡಿಯ ಸಿಗ್ನಲ್ಲಿಗೆ ಬರುವಷ್ಟರಲ್ಲಿ ಬಸ್ಸು ತುಂಬಿರುತ್ತದೆ. ತಲೆಯ ಮೇಲೆ ಮೆಟ್ರೊದ ಕಾಂಕ್ರೀಟು, ಎರಡೂ ಬದಿ ಮೂವತ್ತು ನಲವತ್ತು ಮಾಳಿಗೆಯ ಟವರುಗಳು, ಮಧ್ಯೆ ಗುಜರಾತಿನ ಕಡೆ ಹೊರಟ ಕಂಟೇನರ್ ಲಾರಿಗಳು. ಮಾನಪಾಡಾ ಬಂತು ಎನ್ನುವಾಗ ಕಟ್ಟಡಗಳ ಸಂದಿಯಲ್ಲಿ ಹಸಿರು ಕಾಣುತ್ತದೆ. ಅದೇ ಯೇವೂರ್ ಗುಡ್ಡ. ಆ ಗುಡ್ಡದ ಹೊಟ್ಟೆಯನ್ನು ಕೊರೆದು ಬೋರಿವಲಿಯ ಮಾಗಾಠಾಣೆಗೆ ಜೋಡಿ ಸುರಂಗ ಮಾಡುವ ಕೆಲಸ ಶುರುವಾಗಿದೆ. ಸದ್ಯಕ್ಕೆ ಗುಡ್ಡವನ್ನು ಸುತ್ತಿಯೇ ಹೋಗಬೇಕು, ಘೋಡಬಂದರ್ ರಸ್ತೆಯ ಉದ್ದಕ್ಕೂ. ಅವಸರವೇನಿಲ್ಲ. ಗುಡ್ಡದ ಆಚೆ ಮಗ್ಗುಲಿಗೆ ಬೌದ್ಧ ಗುಹೆಗಳ ಕನ್ಹೇರಿ. ಅಲ್ಲಿನ ಒಂದು ಗುಹೆಯಲ್ಲಿ ಸಾವಿರ ವರ್ಷದ ಹಿಂದೆ ಬಂದುಹೋದ ಪಾರ್ಸಿಗಳ ಹೆಸರುಗಳಿವೆ.

ನಿಮ್ಮ ತೊಡೆಯ ಮೇಲೊಂದು ದಪ್ಪ ಪುಸ್ತಕವಿದೆ. ಈರಚ್ ತಾರಾಪೋರ್‌ವಾಲಾ ಅವರ ‘ದಿ ಡಿವೈನ್ ಸಾಂಗ್ಸ್ ಆಫ್ ಜರಥುಷ್ಟ್ರ’, 1951ರಲ್ಲಿ ಮುಂಬಯಿಯಲ್ಲಿ ಪ್ರಕಟವಾದದ್ದು. ಪಾರ್ಸಿಗಳ ಪ್ರವಾದಿ ಜರಥುಷ್ಟ್ರನ ಗಾಥೆಗಳನ್ನು ಪದಪದವಾಗಿ ಬಿಡಿಸಿ ಅರ್ಥ ಹೇಳುವ ಗ್ರಂಥ. ಗಾಥೆಗಳೆಂದರೆ ಒಟ್ಟು 17 ಸೂಕ್ತ. 72 ಅಧ್ಯಾಯಗಳ ಯಸ್ನ ಎಂಬ ಪೂಜಾಗ್ರಂಥದ ನಡುವೆ ಅವನ್ನು ಸೇರಿಸಿದ್ದಾರೆ. ಅಹುನವೈತಿ, ಉಷ್ತವೈತಿ, ಸ್ಪೆಂತಾಮೈನ್ಯು, ವೊಹುಕ್ಷಥ್ರ, ವಹಿಷ್ತೋಇಷ್ತಿ ಎಂದು ಛಂದಸ್ಸಿನ ಪ್ರಕಾರ ಐದು ಭಾಗ. ಇವನ್ನು ಹಾಡಿದ ಕಾಲ ಕ್ರಿಸ್ತಪೂರ್ವ 1500ರಿಂದ 1000ದ ನಡುವೆ ಎಂದು ಬಹಳಷ್ಟು ವಿದ್ವಾಂಸರು ಹೇಳುತ್ತಾರೆ, ಇನ್ನೂ ಈಚೆಗೆ ತರುವವರೂ ಇದ್ದಾರೆ. ಶತಮಾನಗಳ ಕಾಲ ಇವು ಕಾಗದ ಕಂಡಿರಲಿಲ್ಲ. ಬಾಯಿಂದ ಕಿವಿಗೆ, ಕಿವಿಯಿಂದ ಬಾಯಿಗೆ ದಾಟಿದವು. ಇರಾನಿನ ಸಾಸಾನಿ ದೊರೆಗಳ ಕಾಲದಲ್ಲಿ ಇವಕ್ಕೆಂದೇ ಐವತ್ತಕ್ಕೂ ಹೆಚ್ಚು ಅಕ್ಷರಗಳ ಲಿಪಿಯೊಂದನ್ನು ಕಟ್ಟಿದರು. ಉಚ್ಚಾರ ಕೆಟ್ಟರೆ ಮಂತ್ರ ಕೆಟ್ಟಿತು ಎಂಬ ನಂಬಿಕೆಯಿಂದ ಹುಟ್ಟಿದ ಲಿಪಿ ಅದು.

ಗಾಥೆಗಳನ್ನು ಓದುವ ವಿದ್ಯೆಯ ಚರಿತ್ರೆ ತೆಗೆದರೆ ಹೆಸರುಗಳೆಲ್ಲ ಜರ್ಮನಿಯವು. ಶ್ಪೀಗೆಲ್, ರೋಥ್, ಗೆಲ್ಡ್‌ನರ್, ಬಾರ್ತೊಲೊಮೆ. ಅವರ ದುಡಿಮೆಗೆ ಕೈ ಮುಗಿಯುತ್ತೇನೆ. ಆದರೆ ಗಾಥೆಗಳ ಅಧ್ಯಯನ ಬೆಳೆದದ್ದು ವಿಶ್ವವಿದ್ಯಾಲಯದ ಗೋಡೆಯೊಳಗೆ ಮಾತ್ರ ಎಂದರೆ ಒಪ್ಪಲಾರೆ. ಅದರ ಅರ್ಧ ಜೀವ ಈ ಕರಾವಳಿಯಲ್ಲಿದೆ. ಖಂಭಾತಿನಲ್ಲಿ ಲೇಖಣಿ ಹಿಡಿದವರು, ಮುಂಬಯಿಯ ಫೋರ್ಟಿನಲ್ಲಿ ವ್ಯಾಪಾರ ಮಾಡಿದವರು, ರೈಲ್ವೆಯಲ್ಲಿ ದುಡಿದವರು ಇದನ್ನು ಉಳಿಸಿ ಬೆಳೆಸಿದರು. ಅದನ್ನು ತೋರಿಸಲೆಂದೇ ನಿಮ್ಮನ್ನು ಈ ಬಸ್ಸಿಗೆ ಹತ್ತಿಸಿದ್ದು.

ಪಾಟ್ಲಿಪಾಡಾ, ವಾಘಬೀಳ್, ಕಾಸರವಡವಲಿ. ಶೆಟ್ಟರ ಹೊಟೇಲೊಂದರ ಬೋರ್ಡಿನ ಮೂಲೆಯಲ್ಲಿ ಸಣ್ಣಗೆ ಕನ್ನಡ ಅಕ್ಷರ. ಓವಳಾ ದಾಟಿದರೆ ಟವರುಗಳು ಹಿಂದೆ ಬಿದ್ದವು. ಗಾಯ್‌ಮುಖಿನ ತಿರುವಿನಲ್ಲಿ ಬಲಗಡೆ ಖಾಡಿ ತೆರೆದುಕೊಳ್ಳುತ್ತದೆ. ಈಗ ಒಂದು ಗಳಿಗೆ ಆ ಕಡೆ ನೋಡಿ. ಇಳಿತದ ಹೊತ್ತು, ಕೆಸರು ಮಿನುಗುತ್ತಿದೆ, ಕಾಂದಳದ ಬೇರುಗಳ ನಡುವೆ ಬೆಳ್ಳಕ್ಕಿಗಳು ನಿಂತಿವೆ. ಈ ನೀರು ಪಶ್ಚಿಮಕ್ಕೆ ವಸಾಯಿಯ ಹತ್ತಿರ ಸಮುದ್ರ ಸೇರುತ್ತದೆ. ಅಲ್ಲಿಂದ ದಂಡೆ ಹಿಡಿದು ಬಡಗಲಿಗೆ ಹೋದರೆ ಸೋಪಾರಾ, ಡಹಾಣೂ, ಆಮೇಲೆ ಸಂಜಾಣ. ಇರಾನ್ ಬಿಟ್ಟು ಬಂದ ಪಾರ್ಸಿಗಳು ಹಡಗಿನಿಂದ ಇಳಿದರೆಂದು ಅವರ ಪರಂಪರೆ ಹೇಳುವ ಬಂದರು ಆ ಸಂಜಾಣ. 1600ರ ಸುಮಾರಿಗೆ ನವಸಾರಿಯ ಬಹಮನ್ ಕೈಕೋಬಾದ್ ಬರೆದ ‘ಕಿಸ್ಸಾ-ಇ-ಸಂಜಾನ್’ ಎಂಬ ಪರ್ಷಿಯನ್ ಭಾಷೆಯ ಕಾವ್ಯದಲ್ಲಿ ಆ ಕಥೆಯಿದೆ. ಇಸವಿಯ ಬಗ್ಗೆ ಜಗಳವಿದೆ. ಕೆಲವರು 716 ಎನ್ನುತ್ತಾರೆ, ಕೆಲವರು 936.

936 ಎಂದಾದರೆ, ಆಗ ಆ ಕರಾವಳಿಯ ಮೇಲೆ ಯಾರ ಆಳ್ವಿಕೆಯಿತ್ತು ಗೊತ್ತೇ? ಮಳಖೇಡದ ರಾಷ್ಟ್ರಕೂಟರದು. ಅಮೋಘವರ್ಷ ನೃಪತುಂಗನ ಪ್ರಸಿದ್ಧ ತಾಮ್ರಪಟ ಸಿಕ್ಕಿದ್ದು ಇದೇ ಸಂಜಾಣದಲ್ಲಿ, ಅದರ ಕಾಲ ಶಕ 793, ಅಂದರೆ ಕ್ರಿ.ಶ. 871. ಡಹಾಣೂ ಹತ್ತಿರದ ಚಿಂಚಣಿಯಲ್ಲಿ ಸಿಕ್ಕ 926ರ ತಾಮ್ರಪಟದ ಪ್ರಕಾರ, ಸಂಜಾಣದ ಮಂಡಲವನ್ನು ನೋಡಿಕೊಳ್ಳಲು ಎರಡನೆಯ ಕೃಷ್ಣ ನೇಮಿಸಿದ್ದು ಮಹಮ್ಮದ್ ಎಂಬ ಅರಬನನ್ನು. ಕಲಬುರಗಿ ಸೀಮೆಯಿಂದ ಹೊರಟ ಅಪ್ಪಣೆ ಅರಬ್ ಅಧಿಕಾರಿಯ ಕೈಯಲ್ಲಿ ಜಾರಿಯಾಗುತ್ತಿದ್ದ ಬಂದರಿನಲ್ಲಿ ಅಗ್ನಿಪೂಜಕರು ವಾಸ್ತವ್ಯ ಹೂಡಿದ್ದರು. ರಾಷ್ಟ್ರಕೂಟರೆಂದರೆ ಶಾಲೆಯ ಪಾಠದಲ್ಲಿ ನಮಗೆ ಎಲ್ಲೋರ ಮತ್ತು ಕವಿರಾಜಮಾರ್ಗ. ಈ ಬಂದರುಗಳ ಕಥೆಯನ್ನೂ ಪಾಠಕ್ಕೆ ಸೇರಿಸಬೇಕಾಗಿತ್ತು.

ಬಸ್ಸು ಕಾಡಿನ ಏರು ಹತ್ತಿ ಇಳಿಯುತ್ತದೆ. ಫೌಂಟನ್ ಬಂತು. ಬಲಕ್ಕೆ ಘೋಡಬಂದರ್ ಊರು, ಪೋರ್ಚುಗೀಸರ ಕೋಟೆ. ಇಲ್ಲಿ ಹೆದ್ದಾರಿಗೆ ಸೇರಿ ಕಾಶಿಮೀರಾ, ದಹಿಸರ್ ದಾಟಿದರೆ ಬೋರಿವಲಿ. ಕನ್ಹೇರಿ ಇರುವ ರಾಷ್ಟ್ರೀಯ ಉದ್ಯಾನದ ಗೇಟಿನಿಂದ ಗುಹೆಗಳಿಗೆ ಆರು ಕಿಲೋಮೀಟರಿಗೂ ಹೆಚ್ಚು. ಒಳಗಿನ ಬಸ್ಸು ಹಿಡಿಯಿರಿ, ಕಾಲಿನ ಕಸುವನ್ನು ಮೆಟ್ಟಿಲಿಗೆ ಉಳಿಸಿಕೊಳ್ಳಿ.

ಕನ್ಹೇರಿಯ ಬಂಡೆ ಕಪ್ಪು. ಮಳೆಗಾಲ ಮುಗಿದು ಹೆಚ್ಚು ದಿನವಾಗಿಲ್ಲ. ಪಾಚಿ ಒಣಗುತ್ತಿದೆ, ಕಲ್ಲಿನಲ್ಲೇ ಕಡಿದ ತೊಟ್ಟಿಗಳಲ್ಲಿ ನೀರು ತುಂಬಿದೆ. ದೊಡ್ಡ ಚೈತ್ಯದ ಬುದ್ಧನ ಮುಂದೆ ಶಾಲಾ ಮಕ್ಕಳ ಸಾಲು, ಕೈಚೀಲದ ಮೇಲೆ ಕಣ್ಣಿಟ್ಟ ಕೋತಿಗಳು. ನೀವು ಮುಂದೆ ಹೋಗಿ. 11ನೆಯ ಗುಹೆಯನ್ನು ದರ್ಬಾರ್ ಗುಹೆ ಎನ್ನುತ್ತಾರೆ. ಅಗಲವಾದ ಕೋಣೆ, ನೆಲದಿಂದ ಸ್ವಲ್ಪ ಮೇಲೆದ್ದ ಎರಡು ಉದ್ದ ಕಲ್ಲುಜಗಲಿ, ಭಿಕ್ಷುಗಳು ಎದುರುಬದುರು ಕೂತು ಓದುತ್ತಿದ್ದ ಜಾಗ. ಇಲ್ಲಿ ಶಕ 775ರ, ಅಂದರೆ 853ರ ಸಂಸ್ಕೃತ ಶಾಸನವೊಂದಿದೆ. ಅದರಲ್ಲಿ ಅಮೋಘವರ್ಷನ ಹೆಸರಿದೆ, ಅವನ ಸಾಮಂತನಾಗಿ ಕೊಂಕಣ ಆಳುತ್ತಿದ್ದ ಶಿಲಾಹಾರ ಕಪರ್ದಿಯ ಹೆಸರಿದೆ. ದಾನದ ವಿವರದಲ್ಲಿ ವಿಹಾರದ ರಿಪೇರಿಗೆ ಹಣ, ಪುಸ್ತಕ ಕೊಳ್ಳಲು ಹಣ. ಕವಿರಾಜಮಾರ್ಗ ಹುಟ್ಟಿದ ಆಸ್ಥಾನದ ದೊರೆಯ ಹೆಸರಿನ ಕೆಳಗೆ ಪುಸ್ತಕದ ಖರ್ಚು ಕೊರೆದ ಈ ಕಲ್ಲನ್ನು ಕನ್ನಡಿಗರು ಬಂದು ನೋಡದೆ ಹೋಗುವುದು ನನಗೆ ನಿಜಕ್ಕೂ ನೋವಿನ ಸಂಗತಿ.

ಮೆಟ್ಟಿಲು ಹತ್ತಿ. 90ನೆಯ ಗುಹೆ ಮೇಲ್ಗಡೆಯ ಇಳಿಜಾರಿನಲ್ಲಿದೆ, ಅಲ್ಲಿಯವರೆಗೆ ಬರುವವರು ಕಡಿಮೆ. ಹಾವು, ಬೆಂಕಿ, ಹಡಗು ಒಡೆದ ಸಮುದ್ರ ಇಂಥ ಆಪತ್ತುಗಳಿಂದ ಭಕ್ತರನ್ನು ಕಾಯುವ ಅವಲೋಕಿತೇಶ್ವರನ ಶಿಲ್ಪಫಲಕ ಇಲ್ಲಿದೆ. ಪಾರ್ಸಿ ಯಾತ್ರಿಕರು ಹಳೆಯ ಇರಾನಿ ಭಾಷೆಯಾದ ಪಹ್ಲವಿಯಲ್ಲಿ ಬರೆದ ಸಾಲುಗಳಿರುವುದೂ ಇದೇ ಗುಹೆಯಲ್ಲಿ. ತಟ್ಟನೆ ಕಣ್ಣಿಗೆ ಬೀಳುವುದಿಲ್ಲ. ಆಳವಾಗಿ ಕೊರೆದ ರಾಜಶಾಸನವಲ್ಲ ಇದು. ಬೆಳಕು ಓರೆಯಾಗಿ ಬಿದ್ದಾಗ ತೆಳ್ಳಗಿನ ಗೀರುಗಳು ಅಕ್ಷರವಾಗುತ್ತವೆ.

ಈಗ 1009ಕ್ಕೆ ಹೋಗೋಣ. ಅವರು ಬಂದದ್ದೂ ಮಳೆಗಾಲ ಕಳೆದ ಮೇಲೆಯೇ, ಒಮ್ಮೆ ಅಕ್ಟೋಬರಿನಲ್ಲಿ, ಇನ್ನೊಮ್ಮೆ ನವೆಂಬರಿನಲ್ಲಿ. ಇರಾನಿನ ಕಡೆಯ ಸಾಸಾನಿ ದೊರೆ ಯಜ್ದೆಗರ್ದನ ಶಕದ 378ನೆಯ ವರ್ಷ. ಅವನ ರಾಜ್ಯ ಮುಳುಗಿ ಮೂರೂವರೆ ಶತಮಾನವಾಗಿದ್ದರೂ ಇವರು ವರ್ಷ ಎಣಿಸುವುದು ಅವನ ಹೆಸರಿನಲ್ಲೇ. ಜೊತೆಯಲ್ಲಿ ಅಪ್ಪಂದಿರು, ಮಕ್ಕಳು, ಅಣ್ಣತಮ್ಮಂದಿರು. ಕೆಳಗಿನ ಕಣಿವೆಯಿಂದ ಏರಿ ಬಂದು ಬಿಸಿಲಿಗೆ ಬೆವರಿದ್ದಾರೆ, ತೊಟ್ಟಿಯ ನೀರು ಕುಡಿದಿದ್ದಾರೆ. ಒಬ್ಬನ ಕೈಯಲ್ಲಿ ಮೊನೆಯಾದ ಕಬ್ಬಿಣ. ದೇವರ ಹೆಸರೆತ್ತಿ ಶುರು ಮಾಡುತ್ತಾನೆ, ವರ್ಷ ತಿಂಗಳು ದಿನ ಬರೆಯುತ್ತಾನೆ, ಆಮೇಲೆ ಯಾರು ಯಾರು ಬಂದಿದ್ದರು ಎಂದು ಒಬ್ಬೊಬ್ಬರನ್ನೇ ತಂದೆಯ ಹೆಸರಿನ ಸಮೇತ ದಾಖಲಿಸುತ್ತಾನೆ. ಯಜ್ದಾನ್‌ಪಾನಕ್, ಮಾಹ್‌ಅಯ್ಯಾರ್, ಮರ್ದಾನ್‌ಶಾದ್. ಹೆಸರು ಕೇಳಿದರೆ ಅಪ್ಪಟ ಇರಾನಿ. ಹನ್ನೆರಡು ವರ್ಷದ ಮೇಲೆ, 1021ರಲ್ಲಿ, ಇನ್ನೊಂದು ಗುಂಪು ಬಂದು ಹೀಗೇ ಬರೆದಿದೆ. ಗುಡ್ಡದ ಈಚೆ ಥಾಣೆಯಲ್ಲಿ ಆಗ ಶಿಲಾಹಾರರ ರಾಜಧಾನಿ.

ಆ ಬರೆದವನಿಗೆ ಪಹ್ಲವಿ ಲಿಪಿ ಸರಾಗವಾಗಿ ಬರುತ್ತಿತ್ತು ಎಂಬುದು ದೊಡ್ಡ ಮಾತು. ಅದೆಂಥ ಲಿಪಿ ಎಂದು ಸ್ವಲ್ಪ ಹತ್ತಿರದಿಂದ ನೋಡಿ. ಕನ್ನಡದಲ್ಲಿ ಒಂದೊಂದು ಉಲಿಗೆ ಒಂದೊಂದು ಅಕ್ಷರ. ಪಹ್ಲವಿಯಲ್ಲಿ ‘ನ’, ‘ವ’, ‘ರ’ ಮೂರಕ್ಕೂ ಒಂದೇ ಗೀಟು ಬರುವುದುಂಟು. ಸ್ವರಗಳನ್ನು ಬಹುಪಾಲು ಬರೆಯುವುದೇ ಇಲ್ಲ. ಇದು ಸಾಲದೆಂಬಂತೆ ಬರೆಯುವುದು ಅರಾಮಾಯಿಕ್ ಪದ, ಓದುವುದು ಇರಾನಿ ಪದ. ಅರಸನಿಗೆ ‘ಮಲ್ಕಾ’ ಎಂದು ಬರೆದು ‘ಶಾಹ್’ ಎಂದು ಓದಬೇಕು. ಗುರುಮುಖೇನ ಕಲಿಯದವನಿಗೆ ಒಂದು ಸಾಲೂ ದಕ್ಕುವುದಿಲ್ಲ. ಗಾಥೆಗಳ ಹಳೆಯ ಅನುವಾದ, ವ್ಯಾಖ್ಯಾನ ಎಲ್ಲ ಇರುವುದು ಈ ಭಾಷೆಯಲ್ಲಿ, ಈ ಲಿಪಿಯಲ್ಲಿ. ಹಾಗಾಗಿ ಕನ್ಹೇರಿಯ ಗೋಡೆಯಲ್ಲಿ ಒಂದೂ ಗಾಥೆ ಇಲ್ಲದಿದ್ದರೂ ಅದು ಗಾಥೆಗಳ ಚರಿತ್ರೆಯ ಪುಟವೇ. ಈ ಕರಾವಳಿಯಲ್ಲಿ 11ನೆಯ ಶತಮಾನದಲ್ಲೂ ಆ ಗುರುಪರಂಪರೆ ಕಡಿದಿರಲಿಲ್ಲ ಎಂಬುದಕ್ಕೆ ಇದು ಸಾಕ್ಷಿ.

ಆ ಪರಂಪರೆಯ ಮುಂದಿನ ಹೆಜ್ಜೆಗಳು ಬೇಗ ಹೇಳಿಬಿಡುವಂಥವು. ಧವಲನ ಮಗ ನೇರ್ಯೋಸಂಗ್ ಎಂಬ ಪಾರ್ಸಿ ಪಂಡಿತ ಪಹ್ಲವಿ ಯಸ್ನವನ್ನು ಸಂಸ್ಕೃತಕ್ಕೆ ತಂದ. 1321ರಲ್ಲಿ ಥಾಣೆಗೆ ಬಂದಿದ್ದ ಕ್ರೈಸ್ತ ಸಂನ್ಯಾಸಿ ಜೊರ್ಡಾನಸ್ ಬೆಂಕಿಯನ್ನು ಪೂಜಿಸುವ, ಸತ್ತವರನ್ನು ಹೂಳದೆ ಸುಡದೆ ಮಾಡಿಲ್ಲದ ಗೋಪುರದಲ್ಲಿಡುವ ಜನರನ್ನು ಈ ದೇಶದಲ್ಲಿ ಕಂಡು ಬರೆದಿಟ್ಟಿದ್ದಾನೆ. ಅದಾದ ಎರಡೇ ವರ್ಷಕ್ಕೆ, 1323ರಲ್ಲಿ, ಇರಾನಿನಿಂದ ಬಂದ ಮಿಹ್ರಬಾನ್ ಕೈಖುಸ್ರೊ ಖಂಭಾತಿನಲ್ಲಿ ಕೂತು ಯಸ್ನವನ್ನು ಪಹ್ಲವಿ ಅರ್ಥಸಹಿತ ನಕಲು ಮಾಡಿದ, ಒಂದೇ ವರ್ಷದಲ್ಲಿ ಎರಡು ಪ್ರತಿ. ಒಂದು ಈಗ ಕೋಪನ್‌ಹೇಗನ್ನಿನಲ್ಲಿದೆ, ಇನ್ನೊಂದು ಆಕ್ಸ್‌ಫರ್ಡಿನಲ್ಲಿ. ಜಗತ್ತಿನ ಯಾವ ಮೂಲೆಯಲ್ಲಿ ಯಾರು ಗಾಥೆಗಳ ಪಾಠ ಪರಿಷ್ಕರಿಸಲು ಕೂತರೂ ಆ ಎರಡು ಪ್ರತಿಗಳನ್ನು ಬಿಟ್ಟು ಒಂದು ಹೆಜ್ಜೆ ಇಡಲಾರರು.

ಫ್ರಾನ್ಸಿನ ಆಂಕೆಟಿಲ್ ದುಪೆರಾನ್ 1758ರಿಂದ 1761ರವರೆಗೆ ಸೂರತ್ತಿನಲ್ಲಿದ್ದು ಪಾರ್ಸಿ ಪುರೋಹಿತ ದಸ್ತೂರ್ ದಾರಾಬ್ ಅವರಲ್ಲಿ ಗಾಥೆಗಳ ಭಾಷೆಯಾದ ಅವೆಸ್ತಾ ಕಲಿತ. ಈ ಕನ್ಹೇರಿಗೂ ಬಂದಿದ್ದ. 1771ರಲ್ಲಿ ಪ್ಯಾರಿಸ್ಸಿನಲ್ಲಿ ಅವನ ಅನುವಾದ ಅಚ್ಚಾದಾಗ ವಿಲಿಯಂ ಜೋನ್ಸ್ ಅದನ್ನು ಕಟ್ಟುಕಥೆ ಎಂದು ಮೂದಲಿಸಿದ. ಮೂದಲಿಕೆ ನಿಲ್ಲಲಿಲ್ಲ, ಗ್ರಂಥ ನಿಂತಿತು.

ಈ ಗೋಡೆಯ ಸಾಲುಗಳನ್ನು ಓದಿದವನ ವಿಷಯಕ್ಕೆ ಬರೋಣ. ಎಡ್ವರ್ಡ್ ವಿಲಿಯಂ ವೆಸ್ಟ್, ಹುಟ್ಟಿದ್ದು 1824ರಲ್ಲಿ. ಇಪ್ಪತ್ತರ ಹರೆಯದಲ್ಲಿ ಹತ್ತಿಯ ಪ್ರೆಸ್ಸುಗಳನ್ನು ನೋಡಿಕೊಳ್ಳಲು ಮುಂಬಯಿಗೆ ಬಂದ. ಆಮೇಲೆ ಗ್ರೇಟ್ ಇಂಡಿಯನ್ ಪೆನಿನ್ಸುಲಾ ರೈಲ್ವೆಯಲ್ಲಿ ಎಂಜಿನಿಯರ್, ಮುಂದೆ ಚೀಫ್ ಎಂಜಿನಿಯರ್. 1853ರ ಏಪ್ರಿಲ್ 16ರಂದು ದೇಶದ ಮೊದಲ ಪ್ರಯಾಣಿಕರ ರೈಲನ್ನು ಬೋರಿಬಂದರಿನಿಂದ ಥಾಣೆಗೆ ಓಡಿಸಿದ ಕಂಪೆನಿ ಅದೇ. ಡೊಂಬಿವಲಿ, ಕಲ್ಯಾಣದ ಕನ್ನಡಿಗರು ದಿನಾ ನೇತಾಡಿಕೊಂಡು ಹೋಗುವ ಲೈನು. ಹಳಿ, ಸೇತುವೆ, ಲೆಕ್ಕಪತ್ರಗಳ ನೌಕರಿ ಮಾಡುತ್ತಲೇ ವೆಸ್ಟ್ ಗುಹೆಗಳಿಗೆ ನಡೆದ, ಶಾಸನಗಳ ನಕಲು ಎತ್ತಿಕೊಂಡ, ಪಹ್ಲವಿ ಕಲಿತ. ಯಾವ ಕಾಲೇಜೂ ಅವನಿಗೆ ಅದನ್ನು ಕಲಿಸಿರಲಿಲ್ಲ. 1880ರಲ್ಲಿ ‘ಇಂಡಿಯನ್ ಆಂಟಿಕ್ವರಿ’ಯಲ್ಲಿ ಕನ್ಹೇರಿಯ ಪಹ್ಲವಿ ಸಾಲುಗಳ ಓದನ್ನು ಪ್ರಕಟಿಸಿದ. ಅದೇ ವರ್ಷ ಮ್ಯಾಕ್ಸ್ ಮುಲ್ಲರನ ‘ಪೂರ್ವದ ಪವಿತ್ರ ಗ್ರಂಥಗಳು’ ಮಾಲೆಯಲ್ಲಿ ಅವನ ಮೊದಲ ಪಹ್ಲವಿ ಅನುವಾದ ಸಂಪುಟ ಬಂತು. 1897ರ ಹೊತ್ತಿಗೆ ಅಂಥ ಐದು ಸಂಪುಟ. ಈ ಗುಹೆಯಲ್ಲಿ ನಿಂತಾಗ ಅವನನ್ನು ನೆನೆಯದೆ ಇರಲಾಗುವುದಿಲ್ಲ. ಒಂದೇ ಗೀಟು ‘ನ’ವೋ ‘ರ’ವೋ ಎಂದು ತಲೆ ಕೆಡಿಸಿಕೊಳ್ಳುತ್ತ, ಹೊತ್ತು ಇಳಿಯುವ ಮೊದಲು ಇನ್ನೊಂದು ಹೆಸರು ದಕ್ಕಲಿ ಎಂದು ಬಂಡೆಗೆ ಮುಖ ಹಚ್ಚಿದ ರೈಲ್ವೆಯ ಮನುಷ್ಯ.

ಅವನಿಗೆ ಒಬ್ಬ ಜೊತೆಗಾರ ಸಿಕ್ಕ. ಮಾರ್ಟಿನ್ ಹೌಗ್ 1859ರಿಂದ 1866ರವರೆಗೆ ಪುಣೆಯ ಕಾಲೇಜಿನಲ್ಲಿ ಸಂಸ್ಕೃತ ವಿಭಾಗದ ಮುಖ್ಯಸ್ಥ. ಐತರೇಯ ಬ್ರಾಹ್ಮಣವನ್ನು ಮುಂಬಯಿಯಲ್ಲಿ ಅಚ್ಚು ಹಾಕಿಸಿದವನೂ ಅವನೇ. ಅವೆಸ್ತಾ ಭಾಷೆಯ ಪವಿತ್ರ ಪಠ್ಯಗಳ ರಾಶಿಯೊಳಗಿನಿಂದ ಗಾಥೆಗಳನ್ನು ಬೇರೆ ತೆಗೆದು, ಇವುಗಳ ಭಾಷೆಯೇ ಹಳೆಯದು, ಇವು ಜರಥುಷ್ಟ್ರನ ಸ್ವಂತ ಮಾತು ಎಂದು ಎತ್ತಿ ಹಿಡಿದದ್ದು ಹೌಗನ ದೊಡ್ಡ ಸಾಧನೆ. ಅದಕ್ಕೆ ಮೊದಲು ಪೂಜಾವಿಧಿ, ಶುದ್ಧಿಯ ನಿಯಮ, ದೇವತಾಸ್ತೋತ್ರ, ಗಾಥೆ ಎಲ್ಲವನ್ನೂ ಒಂದೇ ಎಂದು ಓದುತ್ತಿದ್ದರು.

ಆಗ ಯುರೋಪಿನಲ್ಲಿ ಪಂಡಿತರು ಎರಡು ಪಂಗಡ. ಶ್ಪೀಗೆಲ್ ಕಡೆಯವರು ಪಹ್ಲವಿ ವ್ಯಾಖ್ಯಾನ ಹೇಳಿದ್ದೇ ದಾರಿ ಎನ್ನುತ್ತಿದ್ದರು. ರೋಥ್ ಕಡೆಯವರು ಪಹ್ಲವಿಯನ್ನು ಬದಿಗಿಟ್ಟು ಋಗ್ವೇದ ತೆಗೆಯಿರಿ ಎನ್ನುತ್ತಿದ್ದರು. ಋಗ್ವೇದದ ದಾರಿ ಎಷ್ಟು ದೂರ ಕರೆದೊಯ್ಯುತ್ತದೆ ಎಂದು ಕನ್ನಡ ಬಲ್ಲವರಿಗೆ ಬೇಗ ತಿಳಿಯುತ್ತದೆ. ಹಳಗನ್ನಡದ ‘ಪಾಲ್’ ನಮ್ಮಲ್ಲಿ ‘ಹಾಲು’ ಆದ ನಿಯಮದಂತೆಯೇ ಅಲ್ಲಿಯೂ ಒಂದು ನಿಯಮವಿದೆ. ಸಂಸ್ಕೃತದ ‘ಸ’ ಇದ್ದಲ್ಲಿ ಅವೆಸ್ತಾದಲ್ಲಿ ಬಹಳ ಕಡೆ ‘ಹ’. ಸಪ್ತ ಹಪ್ತವಾಗುತ್ತದೆ, ಸೋಮ ಹಓಮ, ಅಸುರ ಅಹುರ. ಈ ಒಂದು ಕೀಲಿಯಿಂದ ಎಷ್ಟೋ ಬಾಗಿಲು ತೆರೆಯುತ್ತದೆ. ಆದರೆ ಎಲ್ಲ ಬಾಗಿಲೂ ಅಲ್ಲ. ಗಾಥೆಗಳಲ್ಲಿ ‘ದಏವ’ರು ಕೆಟ್ಟವರು. ಬರೀ ಸಂಸ್ಕೃತವನ್ನು ನಂಬಿ ಓದಿದರೆ ಆ ಒಂದು ಪದದಲ್ಲೇ ಇಡೀ ಧರ್ಮ ತಲೆಕೆಳಗಾಗುತ್ತದೆ. ಎರಡೂ ಬೇಕು ಎಂಬ ಸಮಾಧಾನಕ್ಕೆ ಹೌಗ್ ಬಂದದ್ದು ಪುಣೆಯಲ್ಲಿ ದಸ್ತೂರರ ಜೊತೆ ಕೂತು, ಅವರ ಮನೆಯ ಹಸ್ತಪ್ರತಿಗಳನ್ನು ನೋಡಿದ ಮೇಲೆ. ದಸ್ತೂರ್ ಹೋಶಂಗ್‌ಜಿ ಜಾಮಾಸ್ಪ್‌ಜಿ, ಹೌಗ್, ವೆಸ್ಟ್ ಮೂವರ ಹೆಸರಿನಲ್ಲಿ 1872ರಲ್ಲಿ ‘ಅರ್ದಾ ವಿರಾಫ್’ ಎಂಬ ಪಹ್ಲವಿ ಗ್ರಂಥ ಬಂತು. ಪುರೋಹಿತ, ಪ್ರೊಫೆಸರ್, ಎಂಜಿನಿಯರ್ ಒಂದೇ ಮುಖಪುಟದಲ್ಲಿ. ಈ ವಿದ್ಯೆ ಇಲ್ಲಿ ನಡೆದ ರೀತಿಯೇ ಅದು.

ಇನ್ನೊಬ್ಬರಿದ್ದಾರೆ, ಖರ್ಷೆದ್‌ಜಿ ರುಸ್ತಮ್‌ಜಿ ಕಾಮಾ. ಲಂಡನ್ನಿನಲ್ಲಿ ವ್ಯಾಪಾರಕ್ಕೆಂದು ಹೋದವರು ಜರ್ಮನಿಗೆ ತೆರಳಿ ಶ್ಪೀಗೆಲ್ ಬಳಿ ಅವೆಸ್ತಾ ಕಲಿತರು. ಊರಿಗೆ ಬಂದು 1861ರಿಂದ ತಮ್ಮ ಮನೆಯಲ್ಲೇ ಪುರೋಹಿತ ಮನೆತನದ ಹುಡುಗರಿಗೆ ವ್ಯಾಕರಣ ಹಿಡಿದು ಪಾಠ ಹೇಳತೊಡಗಿದರು. ಆ ಹುಡುಗರಿಗೆ ಗಾಥೆ ಬಾಯಿಪಾಠವಿತ್ತು, ಅರ್ಥ ಇರಲಿಲ್ಲ. ಶಬ್ದವನ್ನು ಮೂರು ಸಾವಿರ ವರ್ಷ ಕೆಡದಂತೆ ಕಾಪಾಡಿದ ಮನೆತನದ ಮಕ್ಕಳಿಗೆ ಅದರ ಅರ್ಥ ಕೈಗಿಟ್ಟ ಆ ಪಾಠವನ್ನು ಮೀರಿದ ಕೆಲಸ ಈ ಇಡೀ ಚರಿತ್ರೆಯಲ್ಲಿ ನನಗೆ ಕಾಣುವುದಿಲ್ಲ. ಕಾಮಾ ಅವರ ಹೆಸರಿನ ಓರಿಯಂಟಲ್ ಇನ್‌ಸ್ಟಿಟ್ಯೂಟ್ 1916ರಿಂದ ಫೋರ್ಟಿನಲ್ಲಿದೆ.

ಬಾಯಿಪಾಠವೇನೂ ನಿಂತಿಲ್ಲ. 1919ರಲ್ಲಿ ಶುರುವಾದ ದಾದರಿನ ಅಥೋರ್ನಾನ್ ಶಾಲೆಯಲ್ಲಿ ಹುಡುಗರು ಇಂದಿಗೂ 72 ಅಧ್ಯಾಯಗಳನ್ನು ಕಂಠಪಾಠ ಮಾಡುತ್ತಾರೆ. ಯಸ್ನದ ಪೂಜೆಯಲ್ಲಿ ಎರ್ವಾದ್ ಎನ್ನುವ ಇಬ್ಬರು ಪುರೋಹಿತರು ಲೋಹದ ಒರಳಿನಲ್ಲಿ ಹಓಮದ ಕಡ್ಡಿ ಕುಟ್ಟುತ್ತ ಅಷ್ಟನ್ನೂ ಹೇಳಿ ಮುಗಿಸುತ್ತಾರೆ. ಥಾಣೆಯ ಟೇಂಭಿ ನಾಕಾದಲ್ಲಿ ಎರಡು ಶತಮಾನಕ್ಕೂ ಹಳೆಯ ಅಗಿಯಾರಿ, ಅಂದರೆ ಪಾರ್ಸಿ ಅಗ್ನಿಮಂದಿರವಿದೆ. ಪಾರ್ಸಿಗಳಲ್ಲದ ನಾವು ಒಳಗೆ ಹೋಗುವಂತಿಲ್ಲ.

ಹೊತ್ತು ಇಳಿಯಿತು. ಬೋರಿವಲಿಯಿಂದ ಮತ್ತೆ ಬಸ್ಸು, ಮತ್ತೆ ಫೌಂಟನ್, ಮತ್ತೆ ಗಾಯ್‌ಮುಖಿನ ಟ್ರಾಫಿಕ್ಕು. ಲಾರಿಗಳ ಹಿಂದೆ ಬಸ್ಸು ನಿಂತುಬಿಟ್ಟಿದೆ. ದೀಪ ಹಾಕಿದ್ದಾರೆ. ಪುಸ್ತಕ ತೆರೆಯಿರಿ, ಉಷ್ತವೈತಿ ಗಾಥೆ, ಯಸ್ನದ 44ನೆಯ ಅಧ್ಯಾಯ. ಪೆನ್ಸಿಲ್ ತೆಗೆದು ಅಕ್ಷರ ಎಣಿಸಿ. ಒಂದು ಪದ್ಯಕ್ಕೆ ಐದು ಸಾಲು, ಸಾಲಿಗೆ 11 ಅಕ್ಷರ, ನಾಲ್ಕಾದ ಮೇಲೆ ಯತಿ, ಆಮೇಲೆ ಏಳು. ಒಂದೊಂದು ಕಡೆ ಲೆಕ್ಕ ತಪ್ಪುತ್ತದೆ, ಹತ್ತೇ ಬರುತ್ತದೆ. ಅಲ್ಲಿ ಒಂದು ದೀರ್ಘ ಸ್ವರವನ್ನು ಎರಡಾಗಿ ಬಿಡಿಸಿ ಹೇಳಿ ನೋಡಿ, ಸಾಲು ಕೂಡಿಕೊಳ್ಳುತ್ತದೆ. ಹಸ್ತಪ್ರತಿ ಮರೆತ ಉಚ್ಚಾರವನ್ನು ಛಂದಸ್ಸು ನೆನಪಿಟ್ಟುಕೊಂಡಿದೆ. ವಿದ್ವಾಂಸರು ಮೂಲಪಾಠಕ್ಕೆ ಹಿಂದಿರುಗುವುದು ಹೀಗೆಯೇ, ಬೆರಳು ಮಡಿಸಿ.

ಈ ಅಧ್ಯಾಯದಲ್ಲಿ 20 ಪದ್ಯ. 19 ಪದ್ಯಗಳು ಒಂದೇ ಬಗೆಯಲ್ಲಿ ಶುರುವಾಗುತ್ತವೆ. ದೇವರಾದ ಅಹುರನನ್ನು ಎದುರಿಗೆ ಕೂರಿಸಿಕೊಂಡು ಕವಿ ಕೇಳುತ್ತಾನೆ, ನಿಜ ಹೇಳು ಎಂದು ಪಟ್ಟು ಹಿಡಿಯುತ್ತಾನೆ. ಸೂರ್ಯನಿಗೂ ನಕ್ಷತ್ರಗಳಿಗೂ ದಾರಿ ಹಾಕಿದವರು ಯಾರು, ಚಂದ್ರ ಬೆಳೆದು ಕರಗುವುದು ಯಾರಿಂದ, ನೆಲ ಕೆಳಗೆ ನಿಂತು ಆಕಾಶ ಬೀಳದಿರುವುದು ಹೇಗೆ, ಗಾಳಿಗೆ ಮೋಡಕ್ಕೆ ವೇಗ ಹೂಡಿದವರು ಯಾರು. ಹೀಗೆ ಆಕಾಶದಲ್ಲೇ ಇದ್ದವನು 18ನೆಯ ಪದ್ಯದಲ್ಲಿ ನೆಲಕ್ಕಿಳಿಯುತ್ತಾನೆ. ನನಗೆ ಬರಬೇಕಾದ ಸಂಭಾವನೆ, ಒಂದು ಗಂಡುಕುದುರೆಯ ಜೊತೆ ಹತ್ತು ಹೆಣ್ಣುಕುದುರೆ, ಒಂದು ಒಂಟೆ, ಅದು ಸಿಕ್ಕೀತೇ ಎಂದು ಕೇಳುತ್ತಾನೆ. ಇದು ಸಂಕೇತವೋ ನಿಜವಾದ ಒಂಟೆಯೋ ಎಂದು ಚರ್ಚೆ ಇಂದಿಗೂ ಮುಗಿದಿಲ್ಲ. ಋಗ್ವೇದದ ದಾನಸ್ತುತಿಗಳಲ್ಲೂ ಒಂಟೆಗಳು ಬರುತ್ತವೆ, ಅರಿಕೇಸರಿ ಪಂಪನಿಗೆ ಧರ್ಮಪುರದ ಅಗ್ರಹಾರವನ್ನೇ ಕೊಟ್ಟ. ನನಗೆ ಇದು ನಿಜವಾದ ಒಂಟೆಯೇ. ದುಡಿದ ಕವಿ ಕೂಲಿ ಕೇಳುತ್ತಿದ್ದಾನೆ. ಪಂಪನಿಗೆ ಸಿಕ್ಕಿತು. ಜರಥುಷ್ಟ್ರನಿಗೆ ಸಿಕ್ಕಿತೋ ಇಲ್ಲವೋ, 19ನೆಯ ಪದ್ಯದಲ್ಲಿ ಅವನು ಇನ್ನೂ ಕೇಳುತ್ತಲೇ ಇದ್ದಾನೆ: ಕೊಡುತ್ತೇನೆಂದು ಹೇಳಿ ಕೊಡದವನಿಗೆ ಇಲ್ಲಿ, ಈಗ, ಏನು ಶಿಕ್ಷೆ?